ನಾಲ್ಕು ಸೆಕೆಂಡಿನ ಅಳು

"ಇದು ನಾನೇ," ಎಂದಳು ಟೇಪ್ ಕೋಣೆಗೆ ಹುಡುಕಿಕೊಂಡು ಬಂದಿದ್ದ ಹೆಂಗಸು, ಪರದೆಯ ಮೇಲೆ ನಿಂತ ಚಿತ್ರದತ್ತ ಬೆರಳು ಚಾಚಿ. "ಆಗ ಕೂದಲು ಕಪ್ಪಗಿತ್ತು ನೋಡಿ."

ಟೇಪ್ ಮಾವ ಪರದೆಯಿಂದ ಅವಳತ್ತ ತಿರುಗಿ ನೋಡಿದ. ಸುದ್ದಿ ವಾಹಿನಿಯ ಹಳೆಯ ಟೇಪುಗಳನ್ನು ಇಪ್ಪತ್ತೆಂಟು ವರ್ಷ ಕಾದವನು ಎಂದು ಎಲ್ಲರೂ ಅವನನ್ನು ಹಾಗೇ ಕರೆಯುತ್ತಿದ್ದರು. ಈ ಮುಖವನ್ನು ಅವನು ತನ್ನ ಹೆಂಡತಿಯ ಮುಖಕ್ಕಿಂತ ಹೆಚ್ಚು ಸಲ ನೋಡಿದ್ದ. ಎಲ್ಲೇ ಸೇತುವೆ ಮುರಿಯಲಿ, ಬೆಂಕಿ ಬೀಳಲಿ, ಹೊಸ ಚಿತ್ರ ಕೈಗೆ ಬರುವತನಕ ಇವಳ ಅಳುವನ್ನೇ ತೋರಿಸುತ್ತಿದ್ದರು. "ಮಾವಾ, ನಿಮ್ಮ ಅಳುವ ಅಮ್ಮನ್ನ ಬೇಗ ಕಳಿಸಿ. ಪಾಪ, ಅವರಿಗಂತೂ ರಜೆನೇ ಇಲ್ಲ," ಎಂದು ಎಡಿಟರ್ ಬಾಗಿಲಲ್ಲೇ ನಿಂತು ಕೂಗುತ್ತಿದ್ದ. ಮಾವನೂ ನಗುತ್ತಿದ್ದ. ಅವಳಿಗೂ ಒಂದು ಮನೆ ಇದ್ದೀತೆಂದು ಅವನಿಗೆ ಹೊಳೆದೇ ಇರಲಿಲ್ಲ.

"ಇನ್ಮೇಲೆ ಇದನ್ನ ಹಾಕಬೇಡಿ ಅನ್ನೋಕೆ ಬಂದ್ರಾ ತಾಯಿ?"

"ಅಯ್ಯೋ, ಎಷ್ಟಾದ್ರೂ ಹಾಕ್ಕೊಳ್ಳಿ." ಅವಳು ಕುರ್ಚಿಯನ್ನು ಮುಂದಕ್ಕೆಳೆದಳು. "ಅವತ್ತು ನೆರೆಗೆ ಮನೆ ಹೋಯ್ತು ಅಂತ ಅಳ್ತಿದ್ದೆ. ಪಾತ್ರೆ ಪಗಡ ಹೋಯ್ತು ಅಂತ. ಮಗಳು ಪಕ್ಕದಲ್ಲೇ ನಿಂತು ತೋಳು ಜಗ್ತಿದ್ಲು, ಅಳಬೇಡಮ್ಮಾ, ಎಲ್ರೂ ನೋಡ್ತಾರೆ ಅಂತ. ಆಮೇಲೆ ಹತ್ತೇ ದಿನ. ಶಿಬಿರದಲ್ಲಿ ಜ್ವರ ಬಂತು, ಹೋಗ್ಬಿಟ್ಲು. ಫೋಟೋ ಎಲ್ಲ ನೀರುಪಾಲು. ಈಗ ಮುಖಾನೇ ಮರೀತಾ ಇದೆ ಸ್ವಾಮಿ. ಟೀವೀಲಿ ಬಂದಾಗೆಲ್ಲ ಅವಳ ಮುಖ ಕಾಣೋ ಅಷ್ಟರಲ್ಲೇ ಮುಗಿದುಹೋಗುತ್ತೆ. ಕ್ಯಾಮೆರಾದವರು ಅವತ್ತು ತುಂಬಾ ಹೊತ್ತು ತೆಗೆದ್ರು. ಅದನ್ನೊಂದ್ಸಲ ತೋರಿಸಿ, ಸಾಕು."

ಕಪಾಟಿನಲ್ಲಿ ಜಾಗವಿಲ್ಲವೆಂದು ಮೇಲಿನವರು ಹೇಳಿದ ವರ್ಷ, ಇಪ್ಪತ್ತು ನಿಮಿಷದ ಆ ಟೇಪಿನಿಂದ ನಾಲ್ಕು ಸೆಕೆಂಡು ಮಾತ್ರ ಆರಿಸಿಕೊಂಡು ಉಳಿದದ್ದನ್ನು ಅಳಿಸಿದವನು ಅವನೇ. ಟೇಪಿಗೆ ಅಂಟಿಸುವ ಚೀಟಿ ಬರೆದದ್ದೂ ಅವನ ಕೈಯೇ: 'ಅಳುವ ಹೆಂಗಸು. ಚೆನ್ನಾಗಿದೆ.' ಮಗುವೊಂದು ಅಡ್ಡ ಬಂದಿತ್ತೇ? ಬಂದಿದ್ದೀತು. ಅಡ್ಡ ಬಂದದ್ದನ್ನು ಬಿಟ್ಟುಬಿಡುವುದೇ ಅವನ ಕೆಲಸವಾಗಿತ್ತು. ಮನಸ್ಸಿನಲ್ಲೇ ದೇವರನ್ನು ನೆನೆದು ಬಾಯಿ ತೆರೆದ.

"ಉಳಿದಿರೋದು ಇಷ್ಟೇ ತಾಯಿ. ಮಿಕ್ಕಿದ್ದನ್ನ ನಾನೇ ಅಳಿಸಿದೆ."

ಆ ಮಾತು ಅವಳ ಕಿವಿಗೆ ಬಿತ್ತೋ ಇಲ್ಲವೋ. ಪರದೆಯ ಬಲ ಅಂಚಿನಲ್ಲಿ ತನ್ನ ತೋಳನ್ನು ಹಿಡಿದಿದ್ದ ಮೂರು ಪುಟ್ಟ ಬೆರಳುಗಳನ್ನು ಅವಳು ಸವರುತ್ತಿದ್ದಳು.

"ಇಲ್ಲೇ ಇದಾಳೆ. ಚಿತ್ರಾನ ಸ್ವಲ್ಪ ಈ ಕಡೆ ಸರಿಸ್ತೀರಾ?"

ಮಾವ ಎದ್ದ. ಬೇರೇನೂ ತೋಚದೆ ಟೀವಿಯನ್ನೇ ಎರಡೂ ಕೈಯಿಂದ ಹಿಡಿದು ಮೆಲ್ಲನೆ ತಿರುಗಿಸಿದ. ಅವಳು ಬಾಗಿ, ಟೀವಿ ಪೆಟ್ಟಿಗೆಯ ಬಲ ಅಂಚಿನಾಚೆ ಇಣುಕಿದಳು.