ಗೊಬ್ಬರದ ಪಟ್ಟಿ

ಹೈದರಾಬಾದಿನ ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸುವ ಜ್ಞಾನೇಶ್ವರನಿಗೆ ತನ್ನವರನ್ನು ಯಾರಾದರೂ ಬಡವರು ಎಂದರೆ ಮೈ ಉರಿಯುತ್ತಿತ್ತು. ಔರಾದ ಕಡೆಯ ಕುರಿಗಾರರ ಮಗ ಅವನು. ತಾಯಿ ಸಖುಬಾಯಿ ಇನ್ನೂ ಊರಲ್ಲಿ ಹಿಂಡು ಕಾಯುತ್ತಿದ್ದಳು. ಸರ್ಕಾರ ಮೇವಿನ ಪಟ್ಟಿಯನ್ನು, ಅಂದರೆ ಕುರಿ ಮೇಯಿಸಲು ಕಟ್ಟುವ ತೆರಿಗೆಯನ್ನು, ದುಪ್ಪಟ್ಟು ಮಾಡಲು ಹೊರಟಿತ್ತು. ಹಾಗಾದರೆ ಹಿಂಡು ಮಾರದೆ ಅವಳಿಗೆ ಗತಿಯಿರಲಿಲ್ಲ. ಅಹವಾಲು ಕೇಳಲು ಬೀದರಿನಲ್ಲಿ ಸಭೆ ಕರೆದಾಗ ಜನ ಇವನನ್ನೇ ಮುಂದೆ ಮಾಡಿದರು.

ಸಭೆಗೆ ಮುಂಚೆ ಭಾಲ್ಕಿಯ ವ್ಯಾಪಾರಿ ಬಸವಣ್ಣೆಪ್ಪ ಅವನನ್ನು ಪಕ್ಕಕ್ಕೆ ಕರೆದ.

"ಮಾಸ್ತರ್, ಬಡವರರಿ, ಮಾಫ್ ಮಾಡ್ರಿ ಅಂತ ಹೇಳಿ ಕೂತಬಿಡ್ರಿ. ಹೆಚ್ಚಿಗಿ ಮಾತ ಬ್ಯಾಡ್ರಿ."

"ಭಿಕ್ಷಾ ಬೇಡ್ಲಿಕ್ಕ ಇಷ್ಟು ಓದೇನೇನ್ರಿ ನಾ?"

ಜಿಲ್ಲೆಯ ದೊಡ್ಡ ಅಧಿಕಾರಿ ತಾಲೂಕ್ದಾರ ಸಾಹೇಬರು ಮಾತಿಗೆ ಬಲು ನಯ. ಕುರಿಗಾರರು ಸರ್ಕಾರದ ಹುಲ್ಲು ಮೇಯಿಸುತ್ತಾರೆ, ನಾಡಿಗೆ ಕೊಡುವುದೇನೂ ಇಲ್ಲ ಎಂದರು. ಇವನನ್ನು ಕೆರಳಿಸಲು ಅಷ್ಟು ಸಾಕಾಯಿತು. ಎದ್ದು ನಿಂತು, ಹೊಲಗಳಲ್ಲಿ ಕುರಿ ತರುಬುವ ಪದ್ಧತಿಯನ್ನು ಚೊಕ್ಕ ಉರ್ದುವಿನಲ್ಲಿ ಎಳೆಎಳೆಯಾಗಿ ಬಿಡಿಸಿಟ್ಟ. ಬಿತ್ತನೆಗೆ ಮುಂಚೆ ಹಿಂಡು ರಾತ್ರಿ ಹೊಲದಲ್ಲಿ ಮಲಗುತ್ತದೆ. ಅದರ ಹಿಕ್ಕೆಯಿಂದ ನೆಲ ಹದವಾಗುತ್ತದೆ. ಹೊಲದವನು ಕುರಿಗಾರನಿಗೆ ಜೋಳ ಅಳೆದು ಕೊಡುತ್ತಾನೆ. ಇವರು ತಿನ್ನುವವರಲ್ಲ, ಸಂಪತ್ತು ಹುಟ್ಟಿಸುವವರು! ಚಪ್ಪಾಳೆಯೋ ಚಪ್ಪಾಳೆ. ಸಾಹೇಬರೂ 'ವಾಹ್' ಎಂದರು. ಬಸವಣ್ಣೆಪ್ಪ ಮಾತ್ರ ನೆಲ ನೋಡುತ್ತ ಕೂತಿದ್ದ. ಹೊಗಳಿಕೆ ನೆತ್ತಿಗೇರಿದವನಿಗೆ ಅದೆಲ್ಲಿ ಕಾಣಬೇಕು?

ಬೇಸಿಗೆಗೆ ಹುಕುಂ ಬಂತು. ಮೇವಿನ ಪಟ್ಟಿ ಏರಿರಲಿಲ್ಲ. ಅದರ ಬದಲು ಗೊಬ್ಬರದ ವ್ಯಾಪಾರಕ್ಕೆಂದು ಹೊಸ ಪಟ್ಟಿ ಹಾಕಿದ್ದರು. ಕುರಿ ತರುಬಿದವನೂ ಕಟ್ಟಬೇಕು, ಹೊಲ ಕೊಟ್ಟವನೂ ಕಟ್ಟಬೇಕು. ಕಾರಣ ಕೊಡುವಲ್ಲಿ ವಿದ್ವಾಂಸ ಜ್ಞಾನೇಶ್ವರರ ಮಾತನ್ನೇ ಗೌರವದಿಂದ ಎತ್ತಿ ಹೇಳಿದ್ದರು.

ಎದ್ದುಬಿದ್ದು ಊರಿಗೆ ಓಡಿದ. ಹೊಲದವರು ಪಟ್ಟಿಗೆ ಹೆದರಿ ಯಾರ ಹಿಂಡನ್ನೂ ಕರೆದಿರಲಿಲ್ಲ. ಜೋಳ ಬರದೆ ಸಖುಬಾಯಿ ಅರ್ಧ ಕುರಿಗಳನ್ನು ಕಟುಕರಿಗೆ ಕೊಟ್ಟಾಗಿತ್ತು. ಹಟ್ಟಿಯವರು ಅವನನ್ನು ಬೈಯಲಿಲ್ಲ. "ಬರ್ರಿ ಸಾಹೇಬ್ರ" ಎಂದು ಚಾಪೆ ಹಾಸಿ ದೂರ ಸರಿದು ನಿಂತರು. ತನ್ನನ್ನು ಎತ್ತಿ ಆಡಿಸಿದವರು! ಮುಖಕ್ಕೆ ಉಗಿದಿದ್ದರೂ ಅವನಿಗೆ ಅಷ್ಟು ನೋವಾಗುತ್ತಿರಲಿಲ್ಲ.

"ಅವ್ವಾ, ನಾ ಮತ್ತ ಬೀದರಕ ಹೋಗ್ತೇನಿ. ಇದು ಹ್ಯಾಂಗ ಅನ್ಯಾಯ ಅಂಬೂದು ಅವರಿಗಿ ತಿಳಿಸಿ ಹೇಳ್ತೇನಿ" ಎಂದ.

ಸಖುಬಾಯಿ ಅವನ ತಾಟಿಗೆ ಇನ್ನೊಂದು ರೊಟ್ಟಿ ಹಾಕಿದಳು. ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಬರೀ ಅಂಜಿಕೆಯಿತ್ತು.

"ಬ್ಯಾಡಪ್ಪ, ನಿನ್ನ ಕಾಲ ಬೀಳ್ತೇನಿ. ಕಂಬಳಿ ನೇಯೂದೊಂದು ಉಳದದ. ಅದಿನ್ನೂ ಅವರಿಗಿ ಗೊತ್ತಾಗಿಲ್ಲ."