ಬುಡಸಮೇತ ಕಿತ್ತ ಜೇಕು

ಸಸ್ಯ ಸಂಗ್ರಹಾಲಯದಲ್ಲಿ ಒಣಗಿಡಗಳನ್ನು ಹಾಳೆಗೆ ಅಂಟಿಸುವುದು ತಂಗಿಯ ಕೆಲಸ. ಅಲ್ಲಿಗೆ ಮುಖ್ಯಸ್ಥ ಅವಳ ಅಣ್ಣ. ಅವನು ಪುಸ್ತಕ ಓದಿದವನು, ಇವಳು ಕೆಸರು ತುಳಿದವಳು. ಊರಂಚಿನ ಜೌಗಿನಲ್ಲಿ ಗೇಣುದ್ದದ ಆ ಜೇಕು ಕಂಡದ್ದೂ ಇವಳಿಗೇ. ಯಾರಾದರೂ ಹುಲ್ಲೆಂದು ತುಳಿದು ಹೋಗುವಂಥದ್ದು. ಕಾಂಡವನ್ನು ಬೆರಳಲ್ಲಿ ಹೊರಳಿಸಿದಾಗ ಮೂರು ಅಂಚು ತಾಗಿದವು. ತುದಿಯಲ್ಲಿ ಮೆಣಸಿನಕಾಳಿನಷ್ಟು ಕಂದು ಗೊಂಚಲು. ಐವತ್ತು ವರ್ಷದಿಂದ ಅದು ಯಾರ ಕಣ್ಣಿಗೂ ಬಿದ್ದಿರಲಿಲ್ಲ.

ಆ ಜೌಗನ್ನು ಮುಚ್ಚಿ ಗೋದಾಮು ಕಟ್ಟುವವರಿದ್ದರು. ಅಪರೂಪದ ಗಿಡವಿದ್ದರೆ ಕಟ್ಟುವಂತಿರಲಿಲ್ಲ.

"ಅಣ್ಣಾ, ಇನ್ನು ಆ ಜಾಗ ಯಾರೂ ಮುಟ್ಟೋ ಹಾಗಿಲ್ಲ ಅಲ್ವಾ?"

"ಒಂದು ಕಡ್ಡಿ ತೋರಿಸಿದ್ರೆ ಯಾರು ನಂಬ್ತಾರೆ ಪುಟ್ಟೀ? ಇರೋಷ್ಟನ್ನೂ ಬೇರುಸಮೇತ ತಾ. ಒಂದೂ ಬಿಡಬೇಡ."

ಮನಸ್ಸು ಒಪ್ಪಲಿಲ್ಲ. ಆದರೆ ಅಪ್ಪ ಹೋದಮೇಲೆ ಅವಳಿಗೆ ಅಕ್ಷರ ತಿದ್ದಿಸಿದವನು ಅವನೇ. ಎರಡು ದಿನ ಮೊಣಕಾಲುದ್ದ ನೀರಲ್ಲಿ ಬಗ್ಗಿ, ಬೆಣ್ಣೆಯಿಂದ ಕೂದಲೆಳೆಯುವಂತೆ ಹನ್ನೊಂದು ಬುಡ ಕಿತ್ತಳು. ಜೌಗಿನಲ್ಲಿ ಹನ್ನೆರಡನೆಯದು ಇರಲಿಲ್ಲ.

ಹದಿನೈದು ದಿನಕ್ಕೆ ಜೌಗಿನ ತಪಾಸಣೆ ನಡೆಯಿತು. ಗೋದಾಮಿನ ಯಜಮಾನನ ಪಕ್ಕದಲ್ಲಿ, ಬೂಟು ಒದ್ದೆಯಾಗದಷ್ಟು ದೂರ, ಅಣ್ಣ ನಿಂತಿದ್ದ.

"ಎಲ್ಲಿ, ನಿನ್ನ ಗಿಡ ತೋರಿಸು" ಎಂದ.

"ನೀನೇ ತಾನೇ ಕೀಳಿಸಿದ್ದು!"

"ಮಾದರಿ ತಾ ಅಂದೆ. ನಿರ್ವಂಶ ಮಾಡು ಅಂದ್ನಾ?"

ಯಜಮಾನ ನಕ್ಕ. 'ಸದರಿ ಜೇಕು ಸ್ಥಳದಲ್ಲಿಲ್ಲ' ಎಂದು ಅಣ್ಣ ನಿಂತಲ್ಲೇ ವರದಿ ಬರೆದು ಸಹಿ ಹಾಕಿದ.

ಅವಳು ಕಚೇರಿಗೆ ಓಡಿಬಂದು ಒಣಗಿದ ಗೊಂಚಲುಗಳಿಂದ ಬೀಜ ಉದುರಿಸಿಕೊಂಡಳು. ಹುಳ ಹಿಡಿಯಬಾರದೆಂದು ಅಣ್ಣ ಅವನ್ನು ಮೊದಲೇ ಬಿಸಿಪೆಟ್ಟಿಗೆಯಲ್ಲಿ ಸುಡುವಷ್ಟು ಕಾಯಿಸಿ ತೆಗೆದಿದ್ದ. ತಿಂಗಳುಗಟ್ಟಲೆ ಒದ್ದೆ ಮಣ್ಣಲ್ಲಿಟ್ಟು ಕಾದಳು. ಒಂದೂ ಮೊಳೆಯಲಿಲ್ಲ.

ಮೇಲಿನವರಿಗೆ ದೂರು ಬರೆಯಲು ಕುಳಿತಾಗ ಅಮ್ಮ ಕಾಗದ ಕಿತ್ತುಕೊಂಡಳು. "ಹುಲ್ಲಿಗೋಸ್ಕರ ಒಡಹುಟ್ಟಿದವನ ಮಾನ ಕಳೀತೀಯಾ? ಹೊಟ್ಟೇಲಿ ಹಾಕ್ಕೋ." ಆದರೂ ಮತ್ತೊಂದು ಬರೆದು ಕಳಿಸಿದಳು. 'ಗಿಡ ಕಿತ್ತವರ ಮೇಲೆ ಕ್ರಮ ಕೈಗೊಳ್ಳಿ' ಎಂದು ಉತ್ತರ ಬಂತು, ಅಣ್ಣನ ಮೇಜಿಗೆ.

ಅವನು ಅದನ್ನು ಮಡಚಿ ಡ್ರಾಯರಿಗೆ ಹಾಕಿ, ಜೇಕು ಅಂಟಿಸಿದ ಹಾಳೆಗಳನ್ನು ಅವಳ ಮುಂದೆ ಸರಿಸಿದ.

"ಕ್ರಮ ಗಿಮ ಏನೂ ಬೇಡ, ನೀನು ನನ್ನ ತಂಗಿ. ಚೀಟಿ ಬರಿ. ಸಂಗ್ರಹಿಸಿದವರು ಅನ್ನೋ ಕಡೆ ನಿನ್ನ ಹೆಸರು ಹಾಕು."

ಅವಳು ಬರೆದಳು. ಅಂದಿನಿಂದ ಅಣ್ಣನ ಜೊತೆ ಅವಳಿಗೆ ಮಾತಿಲ್ಲ. ಅವನು ಅದನ್ನು ಇನ್ನೂ ಗಮನಿಸಿಲ್ಲ.