ಮುಳುಗುವ ಕೆಲಸ

ನೀರಿನಿಂದ ಹೊರಬಂದಾಗ ಅತ್ತಿಗೆಯ ಬೆರಳುಗಳು ಸುಣ್ಣ ಬಳಿದ ಹಾಗೆ ಬೆಳ್ಳಗಿರುತ್ತಿದ್ದವು. ನೀರಿಗಿಳಿಯುವ ರಬ್ಬರ್ ಸೂಟಿನ ಜಿಪ್ಪು ಎಳೆಯುವಷ್ಟು ಶಕ್ತಿಯೂ ಅವುಗಳಲ್ಲಿ ಉಳಿದಿರುತ್ತಿರಲಿಲ್ಲ. ಗವಿಯ ಪಕ್ಕದ ತಗಡಿನ ಶೆಡ್ಡಿಗೆ ಬಂದು ನನಗೆ ಬೆನ್ನು ಕೊಟ್ಟು ನಿಲ್ಲುತ್ತಿದ್ದಳು. ನಾನು ಜಿಪ್ಪು ಬಿಚ್ಚಿ, ಒದ್ದೆ ರಬ್ಬರನ್ನು ಮೈಯಿಂದ ಸುಲಿದು ತೆಗೆಯುತ್ತಿದ್ದೆ. ಮೊಣಕೈ, ಕಂಕುಳು, ಸೊಂಟ, ಎಲ್ಲ ಕಡೆ ಆ ಸೂಟು ಹರಿದಿತ್ತು. ನಾನೇ ಸೈಕಲ್ ಟ್ಯೂಬಿನ ತುಂಡು ಅಂಟಿಸಿದ್ದೆ. ನೀರು ಅದಕ್ಕೆಲ್ಲ ಜಗ್ಗುತ್ತದೆಯೇ? ಸಂದಿ ಸಿಕ್ಕಲ್ಲಿ ನುಗ್ಗುತ್ತಿತ್ತು.

"ಉಜ್ಜೇ ಸ್ವಲ್ಪ," ಅನ್ನುತ್ತಿದ್ದಳು.

ಅವಳ ಕೈಗಳನ್ನು ನನ್ನ ಕಂಕುಳಲ್ಲಿಟ್ಟು ಒತ್ತಿ ಹಿಡಿಯುತ್ತಿದ್ದೆ. ರಕ್ತ ಮತ್ತೆ ಹರಿಯುವಾಗ ಸೂಜಿ ಚುಚ್ಚಿದ ಹಾಗಾಗುತ್ತಿತ್ತಂತೆ. ಅಷ್ಟರಲ್ಲಿ ಹೊರಗೆ ಸೀಟಿ ಊದುತ್ತಿದ್ದರು. ಮುಂದಿನ ತಂಡ ಬಂದಿದೆ ಅಂತ ಅರ್ಥ. ಅದೇ ಒದ್ದೆ ಸೂಟಿಗೆ ಮತ್ತೆ ಕಾಲು ತೂರಿಸಬೇಕಿತ್ತು.

ನಮ್ಮೂರ ಹೊಳೆ ಗುಡ್ಡದೊಳಗೆ ನುಗ್ಗಿ, ಕತ್ತಲಲ್ಲೇ ಹರಿದು, ಆಚೆ ಬದಿಯಲ್ಲಿ ಹೊರಬರುತ್ತದೆ. ಕಂಪನಿಯೊಂದು ಬಂದು ಗವಿಯ ಬಾಯಿಗೆ ಗೇಟು ಹಾಕಿ, 'ನೀರುಗವಿ ಸಾಹಸ' ಅಂತ ಬೋರ್ಡು ನಿಲ್ಲಿಸಿತು. ಪಟ್ಟಣದ ಜನ ಹೆಲ್ಮೆಟ್ಟು, ದೀಪ, ಲೈಫ್ ಜಾಕೆಟ್ಟು, ದಪ್ಪ ಹೊಸ ಸೂಟು ತೊಟ್ಟು ಒಳಗೆ ಹೋಗಿ ಕೂಗಾಡಿ ಬರುತ್ತಾರೆ. ನಮ್ಮ ಮನೆಯ ಮೂವರೂ ಆ ಕಂಪನಿಯ ಆಳುಗಳೇ. ಅಣ್ಣ ಗಿರಾಕಿಗಳ ವ್ಯಾನು ಓಡಿಸುತ್ತಾನೆ. ಅತ್ತಿಗೆ ಗೈಡು. ನಾನು ಸೂಟು ತೊಳೆಯುವವಳು. ತಣ್ಣೀರಿನಲ್ಲಿ ಬೆಚ್ಚಗಾಗಲಿ ಅಂತ ಗಿರಾಕಿಗಳು ಸೂಟಿನೊಳಗೇ ಉಚ್ಚೆ ಹೊಯ್ದುಕೊಳ್ಳುತ್ತಾರೆ. ದೊಡ್ಡ ದೊಡ್ಡ ಮನುಷ್ಯರೂ ಅಷ್ಟೇ. ತೊಳೆಯುವವಳಿಗೆ ಎಲ್ಲ ಗೊತ್ತಾಗುತ್ತದೆ.

ತಂಡದ ಮುಂದೆ ಹೋಗುವ ಗೈಡನ್ನು ನಾವೆಲ್ಲ ಬಾವಲಿ ಅನ್ನುತ್ತಿದ್ದೆವು. ಚಿಕ್ಕಂದಿನಿಂದ ಆ ಕತ್ತಲಲ್ಲೇ ಓಡಾಡಿದವನು. ಕೊನೆಯಲ್ಲಿ ಅತ್ತಿಗೆ. ನಡುವೆ ಒಂದು ಕಡೆ ಬಂಡೆಯ ಸೂರು ನೀರಿಗೆ ತಾಗುವಷ್ಟು ಇಳಿದಿದೆ. ಅದಕ್ಕೆ ಬಗ್ಗುಮಡು ಅಂತ ಹೆಸರು. ತಲೆ ಹಿಂದಕ್ಕೆ ಚೆಲ್ಲಿ, ಮೂಗು ಮಾತ್ರ ಮೇಲಿಟ್ಟುಕೊಂಡು ದಾಟಬೇಕು. ಅತ್ತಿಗೆ ಅಲ್ಲಿ ಕುತ್ತಿಗೆಯವರೆಗಿನ ನೀರಿನಲ್ಲಿ ನಿಂತು ಒಬ್ಬೊಬ್ಬರ ತಲೆಯನ್ನೂ ಕೈಯಲ್ಲಿ ಹಿಡಿದು ದಾಟಿಸುತ್ತಿದ್ದಳು. ಎಲ್ಲರೂ ದಾಟಿ, ಫೋಟೋ ತೆಗೆದುಕೊಂಡು, ಮತ್ತೆ ವಾಪಸು ಬರುವ ತನಕ ಅವಳು ನೀರಲ್ಲೇ.

ಒಂದು ದಿನ ಒಂದು ಆಫೀಸಿನ ತಂಡ ಆಚೆ ಬದಿಯಲ್ಲಿ ಕೂತು ಹಾಡತೊಡಗಿತು. ಎಷ್ಟು ಕರೆದರೂ ಬರಲಿಲ್ಲ. ಅತ್ತಿಗೆ ನಿಂತಲ್ಲೇ ನಡುಗಿ ನಡುಗಿ, ಆಮೇಲೆ ನಡುಕವೂ ನಿಂತು, ಕಣ್ಣು ಮೇಲಾಗಿ ತೇಲಿಬಿಟ್ಟಳು. ಲೈಫ್ ಜಾಕೆಟ್ ಇದ್ದದ್ದಕ್ಕೆ ಮುಳುಗಲಿಲ್ಲ. ಗಿರಾಕಿಗಳೇ ಅವಳನ್ನು ಎಳೆದು ಹೊರಗೆ ತಂದರು. ಅವರಲ್ಲೊಬ್ಬ ಹೆಲ್ಮೆಟ್ಟಿನ ಕ್ಯಾಮೆರಾದಲ್ಲಿ ಎಲ್ಲ ಹಿಡಿದಿದ್ದ. 'ನಮ್ಮ ಗೈಡನ್ನು ನಾವೇ ಕಾಪಾಡಿದೆವು' ಅಂತ ಫೋನಿನಲ್ಲಿ ಹಾಕಿದ. ಊರೆಲ್ಲ ನೋಡಿತು.

ಕೆಲಸ ಹೋಯಿತು ಅಂದುಕೊಂಡೇ ಅತ್ತಿಗೆ ಮ್ಯಾನೇಜರನ ರೂಮಿಗೆ ಹೋದಳು. ನಾನೂ ಜೊತೆಗಿದ್ದೆ. ಆತ ಎದ್ದು ಬಂದು ಕುರ್ಚಿ ಎಳೆದು ಕೊಟ್ಟ. ನಮಗೆ ಅಲ್ಲೇ ಅನುಮಾನ ಬರಬೇಕಿತ್ತು.

"ಎಲ್ಲರೂ ಅದನ್ನೇ ಕೇಳ್ತಿದ್ದಾರಮ್ಮ," ಅಂದ. "ಗೈಡು ಬೀಳ್ತಾಳಂತೆ, ನಾವು ಕಾಪಾಡಬೇಕಂತೆ, ಆ ಟ್ರಿಪ್ಪೇ ಬೇಕು ಅಂತ ಫೋನು. ಜನಕ್ಕೆ ಬರೀ ನೀರು ನೋಡಿದ್ರೆ ಸಾಲಲ್ಲ. ಒಂದು ಜೀವ ಉಳಿಸಿದ ತೃಪ್ತಿ ಬೇಕು."

"ನಂಗರ್ಥ ಆಗ್ಲಿಲ್ಲ ಸಾರ್."

"ದಿನಾ ಬೀಳು. ಸುಮ್ನೆ ಬಿದ್ದಂಗೆ ಮಾಡು. ಅವರು ಎತ್ಕೊಂಡು ಬರ್ತಾರೆ. ನೀನು ಕಣ್ಣು ಬಿಟ್ಟು ಕೈ ಮುಗಿ. ಅಷ್ಟೇ ಕೆಲಸ."

ಅತ್ತಿಗೆ ನನ್ನ ಮುಖ ನೋಡಿದಳು. ಆಮೇಲೆ ಕೇಳಿದಳು, "ನಂಗೊಂದು ಹೊಸ ಸೂಟು ಕೊಡ್ತೀರಾ?"

"ಒಂದೇನು, ಎರಡು ಕೊಡಿಸ್ತೀನಿ. ನಾವೆಲ್ಲ ಒಂದೇ ಮನೆಯವರಲ್ವಾ?"

"ಮತ್ತೆ ಸಾರ್, ನಿಜವಾಗ್ಲೂ ಏನಾದ್ರೂ ಆದ್ರೆ? ಅದು ಆಟ ಅಲ್ಲ ಅಂತ ಅವರಿಗೆ ಹೇಗೆ ಗೊತ್ತಾಗುತ್ತೆ?"

"ನಿಂಗೆ ಗೊತ್ತಾಗುತ್ತಲ್ಲ," ಅಂದ ಆತ.

ಮನೆಯಲ್ಲಿ ಅಣ್ಣ ನಕ್ಕುಬಿಟ್ಟ. "ಬಿದ್ದಂಗೆ ಮಾಡೋಕೇನು ಕಷ್ಟ? ನನ್ನ ಮುಂದೆ ದಿನಾ ಮಾಡ್ತೀಯಲ್ಲ, ತಲೆನೋವು, ಸೊಂಟನೋವು ಅಂತ." ಅತ್ತಿಗೆಯೂ ನಕ್ಕಳು. ಹೊಸ ಸೂಟಿನ ಆಸೆ ಅವಳಿಗೆ. ಹೊಸ ಸೀರೆಗೂ ಅವಳು ಅಷ್ಟು ಆಸೆಪಟ್ಟಿದ್ದನ್ನು ನಾನು ಕಂಡಿರಲಿಲ್ಲ.

ಸೂಟು ಬಂತು. ಕಪ್ಪಗೆ ಹೊಳೆಯುತ್ತಿತ್ತು. ಒಂದೇ ಸಲ ತೊಟ್ಟು ಇಳಿದಳು, ಅಷ್ಟಕ್ಕೇ ಮ್ಯಾನೇಜರ್ ವಾಪಸು ಇಸಿದುಕೊಂಡ. "ಹೊಸದು ಹಾಕ್ಕೊಂಡ್ರೆ ನಡುಗೋದು ನಿಜ ಅನ್ನಿಸಲ್ಲ. ಹಳೇದೇ ಚೆನ್ನಾಗಿದೆ, ನೋಡಿದ್ರೆ ಅಯ್ಯೋ ಅನ್ಸುತ್ತೆ. ಆ ಜಾಕೆಟ್ಟೂ ಬೇಡ. ಜಾಕೆಟ್ ಹಾಕಿದವಳು ಮುಳುಗ್ತಾಳೆ ಅಂದ್ರೆ ಯಾರು ನಂಬ್ತಾರೆ?" ಅಂದ. ಹೊಸ ಸೂಟು ಗಿರಾಕಿಗಳ ಸಾಲಿಗೆ ಸೇರಿತು. ಅದನ್ನೂ ನಾನೇ ತೊಳೆದೆ.

ಹೀಗೆ ಅತ್ತಿಗೆ ದಿನಾ ಮುಳುಗಿದಳು. ತಂಡದಿಂದ ತಂಡಕ್ಕೆ ಮುಳುಗಿದಳು. ಗಿರಾಕಿಗಳು ಅವಳನ್ನು ಹೊತ್ತು ತಂದು ಮರಳಿನ ಮೇಲೆ ಮಲಗಿಸಿ, ಬಿಸಿ ಸೂಪು ಕುಡಿದು, ಎದೆಗೆ 'ಜೀವರಕ್ಷಕ' ಅನ್ನುವ ಬಿಲ್ಲೆ ಸಿಕ್ಕಿಸಿಕೊಂಡು ಹೋಗುತ್ತಿದ್ದರು. ಕೆಲವರಿಗೆ ಕಣ್ಣಲ್ಲಿ ನೀರೂ ಬರುತ್ತಿತ್ತು. ಆಟ ಅಂತ ಗೊತ್ತಿದ್ದೂ ಬರುತ್ತಿತ್ತು.

ಒಂದು ಸಂಜೆ ಶೆಡ್ಡಿನಲ್ಲಿ ಅವಳ ಸೂಟು ಬಿಚ್ಚುವಾಗ ತೋಳಿನ ಸಂದಿಯಲ್ಲಿ, ಎದೆಯ ಬದಿಯಲ್ಲಿ ಉಗುರಿನ ಗೀರು ಕಂಡೆ.

"ಇದೇನತ್ತಿಗೆ?"

"ಎತ್ತೋ ನೆಪದಲ್ಲಿ ಕೈ ಎಲ್ಲೆಲ್ಲೋ ಹೋಗುತ್ತೆ ಕಣೆ. ಪ್ರಜ್ಞೆ ಇಲ್ಲದೋಳು ಹೇಗೆ ಬೈಯೋದು? ಕಣ್ಣು ಮುಚ್ಕೊಂಡಿರಬೇಕಲ್ಲ."

"ಅಣ್ಣನಿಗೆ ಹೇಳ್ದೆಯಾ?"

"ಹೇಳಿ ಏನಾಗಬೇಕು?"

ನಾನೇ ಹೇಳಿದೆ. ಅಣ್ಣ ಆಮೇಲೆ ಆ ಕೆಲಸದ ಬಗ್ಗೆ ತಮಾಷೆ ಮಾಡಲಿಲ್ಲ. ಬಿಡು ಅಂತಲೂ ಅನ್ನಲಿಲ್ಲ. ಬಿಟ್ಟರೆ ಮನೆಯೂ ಹೋಗುತ್ತಿತ್ತು, ನಾವಿದ್ದ ಬಾಡಿಗೆ ಮನೆಯೂ ಕಂಪನಿಯದೇ. ಬೆಳಿಗ್ಗೆ ಎದ್ದು ವ್ಯಾನು ಒರೆಸಿ, ಅವಳನ್ನು ಎತ್ತುವವರನ್ನು ಕೂರಿಸಿಕೊಂಡು ಬರುತ್ತಿದ್ದ.

ಅವತ್ತು ಅತ್ತಿಗೆಗೆ ಜ್ವರ. ಮೈ ಮುಟ್ಟಿದರೆ ಒಲೆ ಮುಟ್ಟಿದ ಹಾಗಿತ್ತು. ರಜೆ ಕೇಳಿದಳು.

"ಇವತ್ತೊಂದು ಹುಟ್ಟುಹಬ್ಬದ ತಂಡ ಇದೆ. ವಿಡಿಯೋ ನೋಡಿ ನಿನ್ನನ್ನೇ ಕೇಳ್ಕೊಂಡು ಬಂದಿದ್ದಾರೆ," ಅಂದ ಮ್ಯಾನೇಜರ್. "ಹೇಗೂ ಬೀಳೋದೇ ಅಲ್ವಾ? ಮೈ ಬಿಸಿ ಇದ್ರೆ ಒಳ್ಳೇದೇ, ಚಳಿ ಆಗಲ್ಲ." ತನ್ನ ಮಾತಿಗೆ ತಾನೇ ನಕ್ಕ.

ಒಳಗೆ ನಡೆದದ್ದನ್ನು ಬಾವಲಿ ಆಮೇಲೆ ಗಿರಾಕಿಗಳನ್ನೂ ವಿಚಾರಿಸಿಕೊಂಡು ಹೇಳಿದ. ಅವನು ಮೊದಲೇ ಬಗ್ಗುಮಡು ದಾಟಿ ಆಚೆ ನಿಂತಿದ್ದ. ಈಚೆ ಅತ್ತಿಗೆ ಮೊದಲ ಗಿರಾಕಿಯ ತಲೆ ಹಿಡಿಯುವ ಮುಂಚೆಯೇ ಕುಸಿದಳು. ಗಿರಾಕಿಗಳು ನಕ್ಕರು.

"ಇಷ್ಟು ಬೇಗ ಶುರುವಾಯ್ತಾ?" ಅಂತ ಒಬ್ಬಳು ಕೇಳಿದಳಂತೆ.

"ಯಾರೂ ಮುಟ್ಟಬೇಡಿ, ಹುಟ್ಟುಹಬ್ಬದವನೇ ಎತ್ತಲಿ," ಅಂದ ಇನ್ನೊಬ್ಬ.

"ಇರು, ಇರು. ಲೈಟು ಸರಿ ಬರ್ತಿಲ್ಲ."

ಲೈಟು ಸರಿ ಮಾಡಿದರು. ಹುಟ್ಟುಹಬ್ಬದವನನ್ನು ಮುಂದೆ ತಳ್ಳಿದರು. ಅವನು ನಾಚಿಕೊಂಡ. ಎಲ್ಲರೂ ಚಪ್ಪಾಳೆ ತಟ್ಟಿದರು. ಅತ್ತಿಗೆ ನೀರಿನ ಕೆಳಗಿದ್ದಳು.

"ಚಪ್ಪಾಳೆ ನಂಗೂ ಕೇಳಿಸ್ತು," ಅಂದ ಬಾವಲಿ. "ದಿನಾ ಕೇಳೋ ಚಪ್ಪಾಳೆನೇ. ನಾನೂ ಆಟ ಅಂದ್ಕೊಂಡೆ. ಆಮೇಲೆ ನಗು ನಿಂತ್ಹೋಯ್ತು, ಎತ್ತಿದ್ವಿ ಅಂತ ಕೂಗೇ ಬರ್ಲಿಲ್ಲ. ಆಗ ಧುಮುಕಿದೆ." ಇಷ್ಟು ಹೇಳಿ ಅವನು ಮುಖ ತಿರುಗಿಸಿಕೊಂಡ.

ಹೊರಗೆ ತಂದಾಗ ಅತ್ತಿಗೆಯ ತುಟಿ ನೀಲಿಯಾಗಿತ್ತು. ಬಾವಲಿ ಎದೆ ಒತ್ತಿ ಒತ್ತಿ ಉಸಿರು ತರಿಸಿದ. ಅಣ್ಣ ವ್ಯಾನಿನ ಬಾಗಿಲು ತೆಗೆದ. ಮ್ಯಾನೇಜರ್ ಓಡಿ ಬಂದವನು ಮೊದಲು ಅಂದದ್ದು ಇದು:

"ಒದ್ದೆ ಮೈಯಲ್ಲಿ ಸೀಟಿನ ಮೇಲೆ ಬೇಡ. ಕೆಳಗೆ ಟಾರ್ಪಾಲು ಹಾಸು."

ಅಣ್ಣ ಅವಳನ್ನು ಸೀಟಿನ ಮೇಲೇ ಮಲಗಿಸಿದ. ನಾನು ತಲೆಯನ್ನು ತೊಡೆಯ ಮೇಲಿಟ್ಟುಕೊಂಡೆ. ದಾರಿಯುದ್ದಕ್ಕೂ ಅಣ್ಣ ಹಿಂತಿರುಗಿ ನೋಡದೆ, "ಉಸಿರು ಇದೆಯಾ? ಇದೆಯಾ?" ಅಂತ ಕೇಳುತ್ತಲೇ ಇದ್ದ.

ಉಸಿರು ಉಳಿಯಿತು. ಆದರೆ ಶ್ವಾಸಕೋಶಕ್ಕೆ ನೀರು ನುಗ್ಗಿತ್ತು. ಆಸ್ಪತ್ರೆಯಲ್ಲಿ ಬಾಯಿಗೆ ಕೊಳವೆ ಹಾಕಿದರು. ಎಡಗೈಯ ಬೆರಳ ತುದಿಗಳು ಕಪ್ಪಾಗಿದ್ದವು. ದಿನಾ ತಣ್ಣೀರಲ್ಲಿ ರಕ್ತ ಹರಿಯದೆ ಅವು ಮೊದಲೇ ಸಾಯತೊಡಗಿದ್ದವು, ಇಷ್ಟು ದಿನ ಯಾಕೆ ತೋರಿಸಲಿಲ್ಲ ಅಂತ ಡಾಕ್ಟರಮ್ಮ ನಮ್ಮನ್ನು ಗದರಿದಳು.

ಸಂಜೆ ಮ್ಯಾನೇಜರ್ ಹೂವಿನ ಗುಚ್ಛ ಹಿಡಿದು ಬಂದ. ಅತ್ತಿಗೆಯ ಕಡೆ ನೋಡಲಿಲ್ಲ. ನನ್ನನ್ನು ವರಾಂಡಕ್ಕೆ ಕರೆದ.

"ಯಾರಾದ್ರೂ ಕೇಳಿದ್ರೆ ಅವಳಿಗೆ ಮೂರ್ಛೆರೋಗ ಇತ್ತು ಅನ್ನಿ. ನಮ್ಮಿಂದ ಮುಚ್ಚಿಟ್ಟಿದ್ದಳು ಅನ್ನಿ. ಆಗ ನಾನು ನಿಮ್ಮ ಕೈ ಬಿಡಲ್ಲ."

"ಅವಳಿಗೆ ಅಂಥ ರೋಗ ಇಲ್ಲ ಸಾರ್."

"ನಂಗೂ ಗೊತ್ತು. ಅನ್ನಿ ಅಂತ ಹೇಳ್ತಿದ್ದೀನಿ." ಆಮೇಲೆ ದನಿ ತಗ್ಗಿಸಿದ. "ನಾಳೆಯ ತಂಡ ವಾಪಸ್ ಕಳಿಸೋಕಾಗಲ್ಲ. ಅವಳ ಸೂಟು ನಿಂಗೂ ಸರಿಹೋಗುತ್ತೆ. ನಾಲ್ಕು ದಿನ ನೀನು ಬಿದ್ದುಬಿಡು. ತೊಳೆಯೋದಕ್ಕಿಂತ ಸುಲಭ."

ನಾನು ಹೂಂ ಅನ್ನಲಿಲ್ಲ, ಉಹೂಂ ಅನ್ನಲಿಲ್ಲ. ಹೂಂ ಅಂದಳು ಅಂತಲೇ ಅವನು ತಿಳಿದುಕೊಂಡ. ನಮ್ಮಂಥವರ ಮೌನಕ್ಕೆ ಅವನಿಗೆ ಗೊತ್ತಿದ್ದದ್ದು ಅದೊಂದೇ ಅರ್ಥ.

ಬೆಳಿಗ್ಗೆ ನಾನು ಕೆಲಸಕ್ಕೆ ಹೋದೆ. ಬಾವಲಿಗೂ ಉಳಿದ ಆಳುಗಳಿಗೂ ಅವನು ಹೇಳಿದ್ದನ್ನೆಲ್ಲ ಹೇಳಿದೆ. ತಂಡ ಬಂತು. ಸೂಟು ತೊಟ್ಟು, ದೀಪ ಹೊತ್ತಿಸಿಕೊಂಡು ಗವಿಯ ಬಾಯಲ್ಲಿ ಸಾಲಾಗಿ ನಿಂತರು. ಮ್ಯಾನೇಜರ್ ನನ್ನತ್ತ ಹರಿದ ಸೂಟು ಚಾಚಿದ.

"ಹಾಕ್ಕೋ."

ನಾನು ತೆಗೆದುಕೊಳ್ಳಲಿಲ್ಲ. ಅಲ್ಲೇ ಮರಳಿನ ಮೇಲೆ ಕೂತೆ. ಕೂತದ್ದು ಧೈರ್ಯಕ್ಕೋ ಭಯಕ್ಕೋ, ನನಗೂ ಸರಿಯಾಗಿ ಗೊತ್ತಿಲ್ಲ.

"ಏಳೇ. ಗಿರಾಕಿಗಳ ಮುಂದೆ ಇದೇನು ರಂಪ?"

"ಏಳಲ್ಲ ಸಾರ್."

ಅವನು ಬಾವಲಿಯ ಕಡೆ ತಿರುಗಿದ. ಬಾವಲಿ ಹೆಲ್ಮೆಟ್ಟು ತೆಗೆದು ನನ್ನ ಪಕ್ಕ ಕೂತ. ಆಮೇಲೆ ಹಗ್ಗ ಹಿಡಿಯುವವನು. ಆಮೇಲೆ ಸೂಪು ಕಾಯಿಸುವ ಅಜ್ಜಿ, ಮಂಡಿ ಹಿಡಿದುಕೊಂಡು ನಿಧಾನಕ್ಕೆ. ಅಣ್ಣ ವ್ಯಾನಿನಲ್ಲೇ ಕೂತಿದ್ದ. ಸ್ಟೀರಿಂಗಿನ ಮೇಲಿನ ಅವನ ಕೈ ನನಗೆ ಕಾಣುತ್ತಿತ್ತು. ತುಂಬ ಹೊತ್ತಾದ ಮೇಲೆ ಇಂಜಿನ್ನು ಆರಿತು. ಇಳಿದು ಬಂದು ಎಲ್ಲರಿಗಿಂತ ಹಿಂದೆ ಕೂತ.

ಗಿರಾಕಿಗಳು ಮುಖ ಮುಖ ನೋಡಿಕೊಂಡರು. ಅವರಲ್ಲೊಬ್ಬ ಫೋನು ಎತ್ತಿ ಹಿಡಿದು ಹುರುಪಿನಿಂದ ಕೇಳಿದ:

"ಇದೂ ಟ್ರಿಪ್ಪಿನಲ್ಲೇ ಬರುತ್ತಾ?"

"ಇಲ್ಲ," ಅಂದೆ. "ನಿನ್ನೆ ನಮ್ಮತ್ತಿಗೆ ಮುಳುಗಿದ್ದೂ ಟ್ರಿಪ್ಪಿನದಲ್ಲ. ಅವಳು ನಿಜವಾಗ್ಲೂ ಸಾಯ್ತಿದ್ದಳು. ನಿಮ್ಮಂಥೋರು ನಿಂತು ಚಪ್ಪಾಳೆ ತಟ್ಟಿದ್ರು."

ಅವನು ಫೋನು ಇಳಿಸಲಿಲ್ಲ. ಇನ್ನೂ ಹತ್ತಿರ ತಂದ. ಹಿಂದಿದ್ದ ಒಬ್ಬ ಹೆಂಗಸು ಮಾತ್ರ ಲೈಫ್ ಜಾಕೆಟ್ಟು ಕಳಚಿ, ಸೂಟಿನ ಜಿಪ್ಪು ಕೆಳಗೆಳೆದಳು. ಅವಳನ್ನು ನೋಡಿ ಬೇರೆ ಯಾರೂ ಬಿಚ್ಚಲಿಲ್ಲ. ದುಡ್ಡು ಕೊಟ್ಟಿದ್ದೇವೆ, ಒಳಗೆ ಬಿಡಿ ಅಂತ ಕೂಗಾಡಿದರು. ಮ್ಯಾನೇಜರ್ ಗೇಟನ್ನು ಪೂರ್ತಿ ತೆರೆದು, "ಹೋಗಿ ಸಾರ್, ಹೋಗಿ ಮೇಡಂ," ಅಂದ.

ತೆರೆದ ಗೇಟಿನ ಮುಂದೆ ಅವರು ನಿಂತೇ ಇದ್ದರು. ಹೆಲ್ಮೆಟ್ಟಿನ ಬೆಳಕು ನಾಲ್ಕು ಮಾರು ದೂರ ಹೋಗಿ ಕತ್ತಲಲ್ಲಿ ಸೋರಿಹೋಗುತ್ತಿತ್ತು. ಒಬ್ಬರೂ ನೀರಿಗೆ ಕಾಲಿಡಲಿಲ್ಲ. ದಾರಿ ಗೊತ್ತಿದ್ದವರೆಲ್ಲ ನೆಲದ ಮೇಲೆ ಕೂತಿದ್ದೆವು.